ಒಡೆದದ್ದು ಯಾರು, ರಿಪೇರಿ ಮಾಡಿದ್ದು ಯಾರು? | ನಮ್ಮೂರ ಲೆಕ್ಕ, ಭಾಗ 6

ಫೋಟೋದಲ್ಲಿ ಕಾಣ್ತಿರೋದು ಕೆಂಗಲ್ ಹತ್ರ ಇರೋ ನಮ್ಮ ಹುಳಮನೆ ಬಾಗಿಲು. ಮೇಲೆ ಒಂದು ಮೊಳೆ ಇದೆ ನೋಡಿ. ಮೊದಲು ಅಲ್ಲೊಂದು ತಾಯತ ನೇತಾಡ್ತಿತ್ತು. ಈ ಭಾಗ ಆ ಮೊಳೆಯ ಕಥೆ.

ಮಾರ್ವೆಲ್ ಕಾಮಿಕ್ಸ್ ಓದೋರಿಗೆ "ಡ್ಯಾಮೇಜ್ ಕಂಟ್ರೋಲ್" ಗೊತ್ತಿರುತ್ತೆ. 1980ರ ದಶಕದ ಕೊನೆಯಲ್ಲಿ ಡ್ವೇನ್ ಮೆಕ್‌ಡಫಿ ಮತ್ತು ಎರ್ನಿ ಕೊಲೋನ್ ಸೃಷ್ಟಿಸಿದ ಕಂಪನಿ ಅದು. ಸೂಪರ್ ಹೀರೋಗಳು ಹೊಡೆದಾಡಿ ಊರು ಕೆಡವಿದ ಮೇಲೆ ಬಂದು ಕಟ್ಟಿಕೊಡೋದು ಇವರ ಬಿಸಿನೆಸ್. ಮೊದಲು ತಮಾಷೆಯಾಗೇ ಇತ್ತು. 2006ರ "ಸಿವಿಲ್ ವಾರ್" ಕಥೆಯಲ್ಲಿ ಗುಟ್ಟು ರಟ್ಟಾಗುತ್ತೆ: ಕಂಪನಿಯ ಮುಖ್ಯಸ್ಥನೇ ಒಬ್ಬ ವಿಲನ್‌ಗೆ ಶಕ್ತಿ ಹೆಚ್ಚಿಸೋ ಮದ್ದು ಕೊಟ್ಟಿರ್ತಾನೆ. ಹಾನಿ ಹೆಚ್ಚಾದಷ್ಟೂ ಕಾಂಟ್ರಾಕ್ಟ್ ಹೆಚ್ಚು ಅಲ್ವಾ?

ಇದನ್ನ ಓದಿದಾಗ ನಂಗೆ ನೆನಪಾಗಿದ್ದು ನಮ್ಮನೆ.

ನಾನು ಒಂಬತ್ತನೇ ಕ್ಲಾಸಲ್ಲಿದ್ದೆ. ಹುಳ ನಾಲ್ಕನೇ ಜ್ವರ ಎದ್ದು ಚೆನ್ನಾಗಿ ಸೊಪ್ಪು ತಿಂತಿತ್ತು. ಇನ್ನೇನು ಚಂದ್ರಿಕೆಗೆ ಬಿಡಬೇಕು ಅನ್ನೋವಾಗ ಮೆತ್ತಗಾಗಿ, ಕಪ್ಪಗಾಗಿ, ವಾಸನೆ ಬಂದು ಸತ್ತೋಯ್ತು. ಯಾರೋ ಹೇಳಿದ್ರು ಅಂತ ಒಬ್ಬರನ್ನ ಕರೆಸಿದ್ರು. ಬಾಗಿಲಲ್ಲೇ ನಿಂತು, "ಯಾರೋ ಮಾಡ್ಸವ್ರೆ ಕಣಮ್ಮ, ತಡೆ ಹೊಡೀಬೇಕು" ಅಂದ್ರು. ಐದು ಸಾವಿರ. ಮುಂದಿನ ಬೆಳೆ ಚೆನ್ನಾಗಿ ಬಂತು, ಹೆಸರು ಅವರಿಗೆ. ಅದರ ಮುಂದಿನದು ಮತ್ತೆ ಹೋಯ್ತು. "ತಡೆ ದೊಡ್ಡದು." ಇನ್ನೊಂದು ಐದು ಸಾವಿರ. ಆ ಸಲ ಅಜ್ಜಿ ಓಲೆ ಅಡ ಇಟ್ರು. ಅದಕ್ಕಿಂತ ಕೆಟ್ಟದ್ದು ಏನಂದ್ರೆ, "ಮಾಡ್ಸಿರೋದು" ಪಕ್ಕದ ಹೊಲದವರೇ ಅಂತ ಎರಡು ವರ್ಷ ಅವರ ಜೊತೆ ಮಾತೇ ಬಿಟ್ವಿ.

ಈಗ ನಿಮ್ಮನ್ನ ಸ್ವಲ್ಪ ಹಿಂದಕ್ಕೆ, ಸ್ವಲ್ಪ ದೂರಕ್ಕೆ ಕರ್ಕೊಂಡು ಹೋಗ್ತೀನಿ.

19ನೇ ಶತಮಾನದ ಮಧ್ಯದಲ್ಲಿ ಫ್ರಾನ್ಸಿನ ರೇಷ್ಮೆ ರೈತರಿಗೂ ಇದೇ ಗತಿ ಬಂತು. ರೋಗದ ಹೆಸರು ಪೆಬ್ರಿನ್. 1853ರಲ್ಲಿ ಸುಮಾರು 2.6 ಕೋಟಿ ಕೆಜಿ ಇದ್ದ ಗೂಡು 1865ಕ್ಕೆ 40 ಲಕ್ಷ ಕೆಜಿಗೆ ಇಳೀತು. ರೋಗ ಇಲ್ಲದ ಮೊಟ್ಟೆ ಹುಡುಕಿಕೊಂಡು ಯುರೋಪಿನ ವ್ಯಾಪಾರಿಗಳು ಜಪಾನಿನ ಯೊಕೊಹಾಮಾ ತನಕ ಹಡಗು ಹತ್ತಿದ್ರು. ಅನಾಹುತದ ರಿಪೇರಿ ಅನ್ನೋದು ಆಗಲೇ ದೊಡ್ಡ ವ್ಯಾಪಾರ ಆಗಿತ್ತು.

1865ರಲ್ಲಿ ಸರ್ಕಾರ ಲೂಯಿ ಪಾಶ್ಚರ್‌ನ ಕಳಿಸ್ತು. ಅಲ್ಲಿ ತನಕ ಆತ ರೇಷ್ಮೆಹುಳದ ಮೇಲೆ ಕೆಲಸ ಮಾಡಿದವನೇ ಅಲ್ಲ. ವರ್ಷಗಟ್ಟಲೆ ಒದ್ದಾಡಿ ಕಂಡುಕೊಂಡ ದಾರಿ ಸರಳ. ರೋಗ ತಾಯಿಂದ ಮೊಟ್ಟೆಗೆ ಬರುತ್ತೆ. ಹಾಗಾಗಿ ಪ್ರತಿ ಚಿಟ್ಟೆಯ ಮೊಟ್ಟೆ ಬೇರೆ ಬೇರೆ ಇಡಿ. ಆಮೇಲೆ ಆ ಚಿಟ್ಟೆಯನ್ನ ಅರೆದು ಮೈಕ್ರೋಸ್ಕೋಪ್‌ನಲ್ಲಿ ನೋಡಿ. ರೋಗದ ಕಣ ಕಂಡ್ರೆ ಆ ಮೊಟ್ಟೆ ಸುಟ್ಟುಬಿಡಿ.

ನಂಗೆ ಇಷ್ಟ ಆಗಿದ್ದು ಇದಕ್ಕಿಂತ ಇನ್ನೊಂದು ವಿಷಯ. 1866ರಲ್ಲಿ ಆತ ಮೊಟ್ಟೆಯ 14 ತಂಡ ಪರೀಕ್ಷೆ ಮಾಡಿ, ಮುಂದಿನ ವರ್ಷ ಯಾವುದು ಬೆಳೆಯುತ್ತೆ, ಯಾವುದು ಸಾಯುತ್ತೆ ಅಂತ ಬರೆದು, ಸೀಲ್ ಮಾಡಿ ಒಂದು ಊರಿನ ಮೇಯರ್ ಕೈಗೆ ಕೊಟ್ಟ. ಬೆಳೆ ಮುಗಿದ ಮೇಲೆ ಒಡೆದು ನೋಡಿದ್ರೆ 12 ಸರಿ ಇತ್ತು. ಪೆಬ್ರಿನ್ ಇಲ್ಲದ ಹುಳವೂ ಕೆಲವು ಕಡೆ ಸಾಯ್ತಿದ್ವು. "ತಡೆ ದೊಡ್ಡದು" ಅನ್ನಲಿಲ್ಲ ಆತ. ಇದು ಬೇರೇನೇ ರೋಗ, ನನ್ನ ಪರೀಕ್ಷೆ ಇದಕ್ಕೆ ಸಾಲದು ಅಂತ ಒಪ್ಕೊಂಡ. ಆ ಎರಡನೇ ರೋಗ ಫ್ಲಾಚರಿ. ನಮ್ಮ ಕಡೆ ಅದನ್ನೇ ಸಪ್ಪೆ ರೋಗ ಅನ್ನೋದು. ನಮ್ಮನೆ ಹುಳ ಕೊಂದಿದ್ದೂ ಅದೇ!

ಆ ವಿದ್ಯೆ ನಮ್ಮ ಕಡೆಗೂ ಬಂತು. 1890ರ ದಶಕದಲ್ಲಿ ಜೆ.ಎನ್. ಟಾಟಾ ಜಪಾನಿನ ತಜ್ಞರನ್ನ ಕರೆಸಿ ಬೆಂಗಳೂರಲ್ಲಿ ರೇಷ್ಮೆ ಫಾರಂ ಮಾಡಿಸಿದ್ರು. ಟಾಟಾ ಸಿಲ್ಕ್ ಫಾರ್ಮ್ ಅನ್ನೋ ಹೆಸರು ಇವತ್ತಿಗೂ ಅಲ್ಲಿದೆ. 1914ರ ಹೊತ್ತಿಗೆ ಮೈಸೂರು ಸರ್ಕಾರ ಕರೆಸಿದ ಇಟಲಿಯ ವಾಷಿಂಗ್ಟನ್ ಮಾರಿ ಕೆಲಸ ಶುರು ಮಾಡಿದ್ದು ಎಲ್ಲಿ ಗೊತ್ತಾ? ನಮ್ಮ ಪಕ್ಕದ ಚನ್ನಪಟ್ಟಣದಲ್ಲಿ. 1959ರಲ್ಲಿ ರೇಷ್ಮೆ ಮೊಟ್ಟೆ, ಗೂಡು, ನೂಲಿಗೆ ಕಾಯ್ದೆಯೇ ಬಂತು. ಲೈಸೆನ್ಸ್ ಇಲ್ಲದೆ ಮೊಟ್ಟೆ ತಯಾರಿಸಿ ಮಾರೋ ಹಾಗಿಲ್ಲ. ಇವತ್ತು ರಾಮನಗರ ಮಾರ್ಕೆಟ್‌ಗೆ ಬರೋ ಗೂಡಿನ ಹಿಂದೆ ಆ ಮೈಕ್ರೋಸ್ಕೋಪ್ ಇದೆ.

ಇಲ್ಲಿ ಒಂದು ಮಾತು ಸ್ಪಷ್ಟ ಮಾಡ್ತೀನಿ. ರಿಪೇರಿ ಮಾಡಿ ಲಾಭ ಮಾಡೋದು ತಪ್ಪಲ್ಲ. ಮೊಟ್ಟೆ ಮಾರೋರೂ ಲಾಭ ಮಾಡ್ತಾರೆ, ಮಾಡ್ಲಿ. ನಮ್ಮ ಆಡಿಟಿಂಗ್ ಪೇಪರ್‌ನಲ್ಲಿ ಮೊದಲು ಹೇಳಿಕೊಡೋದೇ ಇದು: ಲೆಕ್ಕ ಬರೆದವನೇ ಆ ಲೆಕ್ಕ ಆಡಿಟ್ ಮಾಡೋ ಹಾಗಿಲ್ಲ. ಮೊಟ್ಟೆಯನ್ನ ಬೇರೆಯವರೂ ಪರೀಕ್ಷೆ ಮಾಡಿ ನೋಡಬಹುದು. ಆದರೆ "ತಡೆ" ಇದೆ ಅಂತ ಹೇಳೋರು ಅವರೇ, ರೇಟು ಹೇಳೋರು ಅವರೇ, ಹೋಯ್ತು ಅಂತ ಸರ್ಟಿಫಿಕೇಟ್ ಕೊಡೋರೂ ಅವರೇ. ಬೆಳೆ ಬಂದ್ರೆ ಅವರ ಶಕ್ತಿ, ಹೋದ್ರೆ ಇನ್ನೊಂದು ಬಿಲ್. ಇಂಥ ಬಿಸಿನೆಸ್‌ಗೆ ನಷ್ಟ ಅನ್ನೋದೇ ಇಲ್ಲ. ನಷ್ಟ ಎಲ್ಲಾ ನಮ್ಮ ಕಡೆ.

ನಮ್ಮನೇಲಿ ಕೊನೆಗೆ ಏನಾಯ್ತು ಅಂದ್ರೆ, ಅಪ್ಪ ಹುಳಮನೆ ಖಾಲಿ ಮಾಡಿ ಬ್ಲೀಚಿಂಗ್ ಪೌಡರ್ ಹಾಕಿ ತೊಳೆದ್ರು. ಗಾಳಿಗೆ ಎರಡು ಕಿಟಕಿ ಇಟ್ರು. ಒದ್ದೆ ಸೊಪ್ಪು ಹಾಕೋದು ನಿಲ್ಸಿದ್ರು. ಅದಾದ ಮೇಲೂ ಒಂದು ಬೆಳೆ ಹೋಗಿದೆ, ಸುಳ್ಳು ಹೇಳಲ್ಲ. ಆದರೆ ಯಾಕೆ ಹೋಯ್ತು ಅಂತ ಗೊತ್ತಾಯ್ತು, ಯಾರ ಮೇಲೂ ಅನುಮಾನ ಬರಲಿಲ್ಲ.

ಅಜ್ಜಿ ಓಲೆ ಬಿಡಿಸಿಕೊಂಡ್ವಿ. ಪಕ್ಕದ ಹೊಲದವರ ಮನೆ ಗೃಹಪ್ರವೇಶಕ್ಕೆ ಹೋಗಿದ್ದು ಮಾತ್ರ ಹೋದ ವರ್ಷ. ಆ ರಿಪೇರಿಗೇ ಜಾಸ್ತಿ ಟೈಮ್ ಹಿಡೀತು.

ನಿಮ್ಮನೇಲೂ ಇಂಥ "ಬಿಲ್" ಕಟ್ಟಿದ್ದೀರಾ? ಹೆಸರು ಬೇಡ, ಕಥೆ ಮಾತ್ರ ಕೆಳಗೆ ಬರೀರಿ. ಭಾಗ 7ರಲ್ಲಿ ಚನ್ನಪಟ್ಟಣದ ಗೊಂಬೆ.

#ಕೆಂಗಲ್ #ರಾಮನಗರ #ರೇಷ್ಮೆ #ನಮ್ಮೂರಲೆಕ್ಕ