ಭೂಕಾಂತದ ಸಂಗೀತ: ಒಂದು ದಾಖಲೆಯ ಚರಿತ್ರೆ

ಗಣಕಯಂತ್ರದ ನೆರವಿನಿಂದ ವೈಜ್ಞಾನಿಕ ಅಂಕಿಗಳನ್ನು ಸಂಗೀತವಾಗಿಸಿದ ಆರಂಭಕಾಲದ ಕೃತಿಗಳಲ್ಲಿ, ಅಮೆರಿಕದ ಸಂಗೀತ ರಚನಕಾರರಾದ ಚಾರ್ಲ್ಸ್ ಡಾಡ್ಜ್ ಅವರ ‘ಅರ್ತ್ಸ್ ಮ್ಯಾಗ್ನೆಟಿಕ್ ಫೀಲ್ಡ್’ ಗಮನಾರ್ಹವಾದುದು. 1970ರಲ್ಲಿ ಧ್ವನಿಮುದ್ರಿಕೆಯಾಗಿ ಪ್ರಕಟವಾದ ಇದನ್ನು ಕೇಳಿದವರಿಗೆ ಭೂಮಿಯೇ ಹಾಡಿತೆಂದು ತೋರುವುದು ಸಹಜ. ಈ ಭಾವನೆ ಎಷ್ಟರಮಟ್ಟಿಗೆ ಸರಿಯೆಂಬುದನ್ನು ಇಲ್ಲಿ ಪರಿಶೀಲಿಸಲಾಗಿದೆ.

ಸೂರ್ಯನಿಂದ ಹೊರಡುವ ವಿದ್ಯುತ್ಕಣಗಳ ಪ್ರವಾಹವು ಭೂಮಿಯ ಕಾಂತಕ್ಷೇತ್ರವನ್ನು ಕದಡುತ್ತದೆ. ಈ ಕ್ಷೋಭೆಯನ್ನು ಅಳೆಯಲು ಜರ್ಮನ್ ವಿಜ್ಞಾನಿ ಯೂಲಿಯುಸ್ ಬಾರ್ಟೆಲ್ಸ್ (1899–1964) ಅವರು 1949ರಲ್ಲಿ ‘ಕೆಪಿ’ ಎಂಬ ಸೂಚ್ಯಂಕವನ್ನು ಪ್ರಚಾರಕ್ಕೆ ತಂದರು. ಹಲವು ವೀಕ್ಷಣಾಲಯಗಳ ಅಳತೆಗಳನ್ನು ಕ್ರೋಡೀಕರಿಸಿ, ಮೂರು ಗಂಟೆಗೊಂದರಂತೆ ದಿನಕ್ಕೆ 8 ಬೆಲೆಗಳನ್ನು ಕೊಡುವ ಈ ಸೂಚ್ಯಂಕಕ್ಕೆ ಒಟ್ಟು 28 ಮೆಟ್ಟಿಲುಗಳಿವೆ. ಸೂರ್ಯನ ಆವರ್ತನವನ್ನನುಸರಿಸಿ 27 ದಿನಗಳಿಗೊಂದು ಸಾಲಿನಂತೆ ಬರೆದ ಅವರ ನಕ್ಷೆಗಳು ಪಾಶ್ಚಾತ್ಯ ಸ್ವರಲಿಪಿಯನ್ನು ಹೋಲುತ್ತಿದ್ದುದರಿಂದ ‘ಸಂಗೀತ ನಕ್ಷೆ’ಗಳೆಂದೇ ಹೆಸರಾದವು. ಆದರೆ ಅವುಗಳ ಉದ್ದೇಶ ನುಡಿಸುವುದಲ್ಲ, ಕ್ಷೋಭೆಯ ಪುನರಾವೃತ್ತಿಯನ್ನು ಕಣ್ಣಿಗೆ ಕಾಣಿಸುವುದು.

ಗಣಕಯಂತ್ರದಿಂದ ಸಂಗೀತ ರಚನೆ ಅದಕ್ಕೆ ಮೊದಲೇ ಆರಂಭವಾಗಿದ್ದಿತು. ಇಲಿನಾಯ್ ವಿಶ್ವವಿದ್ಯಾನಿಲಯದಲ್ಲಿ ಹಿಲ್ಲರ್ ಮತ್ತು ಐಸಾಕ್ಸನ್ ಅವರು ‘ಇಲಿಯಾಕ್ ಸ್ವೀಟ್’ (1957) ಎಂಬ ಕೃತಿಯಲ್ಲಿ ನಿಯಮಗಳನ್ನು ಯಂತ್ರಕ್ಕೊಪ್ಪಿಸಿ ಸ್ವರಗಳನ್ನು ಆರಿಸಿದರು. ಅದೇ ವರ್ಷ ಬೆಲ್ ಪ್ರಯೋಗಾಲಯದ ಮ್ಯಾಕ್ಸ್ ಮ್ಯಾಥ್ಯೂಸ್ ಅವರು ಅಂಕಿಗಳನ್ನು ನೇರವಾಗಿ ಧ್ವನಿಯಾಗಿಸುವ ಕ್ರಮವನ್ನು ರೂಪಿಸಿದರು. ಡಾಡ್ಜ್ ಅವರಾದರೋ ಸ್ವರಗಳ ಅನುಕ್ರಮವನ್ನೇ ಪ್ರಕೃತಿಯ ದಾಖಲೆಯಿಂದ ಪಡೆದರು. 1961ನೆಯ ವರ್ಷದ 365 ದಿನಗಳ 2,920 ಬೆಲೆಗಳು ಅವರ ಸಾಮಗ್ರಿ. ಕೃತಿಯ ಮೊದಲ ಭಾಗದಲ್ಲಿ 28 ಮೆಟ್ಟಿಲುಗಳನ್ನು ಏಳು ಸ್ವರಗಳ ನಾಲ್ಕು ಸ್ಥಾಯಿಗಳಿಗೆ ಹೊಂದಿಸಲಾಯಿತು.

ಆದರೆ ಏಳು ಸ್ವರಗಳ ಶ್ರೇಣಿ ಸೂರ್ಯನಲ್ಲಿಲ್ಲ. ಅದು ಮಾನವ ಸಂಪ್ರದಾಯದ್ದು. ವರ್ಷವನ್ನು ಆರಿಸಿದವರೂ ನಾದಗುಣವನ್ನು ನಿರ್ಧರಿಸಿದವರೂ ರಚನಕಾರರೇ. ಅದಕ್ಕೂ ಹಿಂದೆ, ನಿರಂತರವಾದ ಕ್ಷೋಭೆಯನ್ನು 28 ಮೆಟ್ಟಿಲುಗಳಾಗಿ ಕಡಿದದ್ದು ಬಾರ್ಟೆಲ್ಸ್ ಅವರ ನಿರ್ಣಯ. ಹೊಂದಾಣಿಕೆಯ ಸೂತ್ರವನ್ನು ಬದಲಿಸಿದರೆ ಅದೇ ವರ್ಷ ಬೇರೊಂದು ಸಂಗೀತವಾಗುತ್ತಿತ್ತು. ಆದುದರಿಂದ ಇಲ್ಲಿ ಹಾಡಿದುದು ಕೇವಲ ಭೂಮಿಯಲ್ಲ, ಕೇವಲ ಯಂತ್ರವೂ ಅಲ್ಲ.

ಚರಿತ್ರೆಯ ಅಧ್ಯಯನಕ್ಕೂ ಇದು ಪ್ರಸ್ತುತವಾದ ಮಾತು. ಶಾಸನವಾಗಲಿ ಕಂದಾಯದ ಲೆಕ್ಕವಾಗಲಿ ತಾನಾಗಿ ಮಾತನಾಡದು. ಅದನ್ನು ಕಥನವಾಗಿಸುವ ಸೂತ್ರ ಇತಿಹಾಸಕಾರನದು. ಡಾಡ್ಜ್ ಅವರ ಸೂತ್ರ ಪ್ರಕಟವಾಗಿರುವುದರಿಂದ, ದಾಖಲೆ ಯಾವುದು, ಆಯ್ಕೆ ಯಾವುದು ಎಂಬುದನ್ನು ಕೇಳುಗನು ಬೇರ್ಪಡಿಸಿ ನೋಡಬಲ್ಲನು. ನಮ್ಮ ಗ್ರಂಥಗಳ ಓದುಗರಿಗೂ ಆ ಸೌಲಭ್ಯ ದೊರೆಯಬೇಕಾದುದು ನ್ಯಾಯ.