ಸ್ಯಾಬಟನ್: ಆಕಾರದ ಹೆಸರೇ, ಸ್ಥಾನದ ಹೆಸರೇ?

ಮಧ್ಯಯುಗದ ಯುರೋಪಿನ ಯೋಧನ ಪಾದವನ್ನು ಮುಚ್ಚುತ್ತಿದ್ದ ಕವಚಕ್ಕೆ ಇಂಗ್ಲಿಷ್ ಕೈಪಿಡಿಗಳಲ್ಲಿ ಎರಡು ಹೆಸರುಗಳು ಕಾಣುತ್ತವೆ: ಸ್ಯಾಬಟನ್ ಮತ್ತು ಸೊಲರೆಟ್. 19ನೇ ಶತಮಾನದ ಪ್ರಾಚ್ಯವಸ್ತು ವಿದ್ವಾಂಸರಿಂದ ಇಳಿದುಬಂದ ಒಂದು ವಿಂಗಡಣೆಯ ಪ್ರಕಾರ, ತುದಿ ಚೂಪಾಗಿ ಮುಂದಕ್ಕೆ ಚಾಚಿಕೊಂಡಿದ್ದರೆ ಅದು ಸೊಲರೆಟ್. ಬೆರಳುಗಳ ಕಡೆ ಅಗಲವಾಗಿ, ಮೊಂಡಾಗಿ ಮುಗಿದರೆ ಸ್ಯಾಬಟನ್. ಕ್ಲಾಡ್ ಬ್ಲೇರ್ 1958ರಲ್ಲಿ ಪ್ರಕಟಿಸಿದ ಯುರೋಪಿನ ಕವಚಗಳ ಇತಿಹಾಸದ ನಂತರ ತಜ್ಞರ ಬರಹದಲ್ಲಿ ಸ್ಯಾಬಟನ್ ಎಂಬುದೇ ಎಲ್ಲ ಆಕಾರಗಳಿಗೂ ಸಲ್ಲುವ ಹೆಸರಾಗಿ ನಿಂತಿದೆ. ಆದರೂ ಹಳೆಯ ವಿಂಗಡಣೆ ಜನಪ್ರಿಯ ಪುಸ್ತಕಗಳಿಂದ ಹೋಗಿಲ್ಲ. ತಜ್ಞರು ಅದನ್ನು ಬಳಸುವುದನ್ನು ಬಿಟ್ಟರೇ ಹೊರತು ಅದು ಏಕೆ ತಪ್ಪೆಂದು ಪದದ ಕಡೆಯಿಂದ ವಾದಿಸಿದ್ದು ಕಡಿಮೆ. ಆ ವಾದವನ್ನು ಇಲ್ಲಿ ಕಟ್ಟಲು ಯತ್ನಿಸಿದ್ದೇನೆ. ಜೊತೆಗೆ ಈ ಪದ ಇಂಗ್ಲಿಷಿಗೆ ಬಂದ ದಾರಿಯ ಬಗ್ಗೆ ಒಂದು ಊಹೆಯನ್ನೂ ಮುಂದಿಡುತ್ತೇನೆ.

ಪದದ ಮೂಲದ ಬಗ್ಗೆ ಭಿನ್ನಾಭಿಪ್ರಾಯ ಹೆಚ್ಚಿಲ್ಲ. ದಕ್ಷಿಣ ಫ್ರಾನ್ಸಿನ ಆಕ್ಸಿಟನ್ ಭಾಷೆಯಲ್ಲಿ 'ಸಬಾತ' ಎಂದರೆ ಪಾದರಕ್ಷೆ. 'ಸಬಾತೊ' ಅದರಿಂದ ಸಾಧಿತವಾದ ರೂಪ. ಸ್ಪೇನಿನ 'ಸಪಾತೊ', ಇಟಲಿಯ 'ಚಬಾತ್ತ', ಫ್ರೆಂಚಿನ 'ಸವಾತ್' ಇದರ ಬಂಧುಗಳು. ಪೋರ್ಚುಗೀಸರ 'ಸಪಾತು' ಹಡಗೇರಿ ನಮ್ಮ ಕರಾವಳಿಗೂ ಬಂದಿದೆ: ಗೋವೆಯ ಕೊಂಕಣಿಯ 'ಸಪಾತ್', ತಮಿಳಿನ 'ಸಪ್ಪಾತ್ತು' ಅದರದೇ ಕುಡಿಗಳು. ಈ ಬಂಧುವರ್ಗದಲ್ಲಿ ಯಾವುದೂ ಪಾದರಕ್ಷೆಯ ತುದಿ ಅಗಲವೋ ಚೂಪೋ ಎಂದು ಹೇಳುವುದಿಲ್ಲ. 12ನೇ ಶತಮಾನದ ಕೊನೆಯಲ್ಲಿ ವಾಲ್ಡೆನ್ಸಿಯನ್ ಪಂಥದ ಬಡ ಬೋಧಕರಿಗೆ 'ಇನ್ಸಬಟಾಟಿ' ಎಂಬ ಅಡ್ಡಹೆಸರು ಬಂದದ್ದೂ ಅವರು ಮೆಟ್ಟುತ್ತಿದ್ದ ವಿಶಿಷ್ಟ ಪಾದರಕ್ಷೆಯಿಂದ ಎಂಬುದು ಸಾಮಾನ್ಯವಾಗಿ ಒಪ್ಪಿದ ವಿವರಣೆ. ಯುದ್ಧಕ್ಕೂ ಕಬ್ಬಿಣಕ್ಕೂ ಏನೇನೂ ಸಂಬಂಧವಿಲ್ಲದ ಜನ ಅವರು. ಇನ್ನು ಸೊಲರೆಟ್ ಹಳೆಯ ಫ್ರೆಂಚಿನ 'ಸೊಲೆರ್' ಎಂಬುದರ ಅಲ್ಪಾರ್ಥಕ ರೂಪ. ಇಂದಿನ ಫ್ರೆಂಚಿನ 'ಸುಲಿಯೆ' ಅದೇ ಪದ. ಅದರ ಅರ್ಥವೂ ಪಾದರಕ್ಷೆಯೇ. ಎರಡು ನೆರೆಭಾಷೆಗಳ ಎರಡು ಸಾಮಾನ್ಯ ಪದಗಳನ್ನು ಎರಡು ಆಕಾರಗಳಿಗೆ ಹಂಚಿಕೊಟ್ಟದ್ದು ನಂತರದವರ ಕೆಲಸ.

ಆ ಹಂಚಿಕೆಯ ಹಿಂದಿನ ಮನೋಭಾವ ಅರ್ಥವಾಗುವಂಥದ್ದು. ಸರ್ ಸ್ಯಾಮ್ಯುಯೆಲ್ ರಶ್ ಮೇರಿಕ್ 1824ರಲ್ಲಿ ಪ್ರಾಚೀನ ಕವಚಗಳ ಬಗ್ಗೆ ದೊಡ್ಡ ಗ್ರಂಥವನ್ನು ಹೊರತಂದಾಗ ಈ ಕ್ಷೇತ್ರಕ್ಕೆ ಒಂದು ಕ್ರಮವೇ ಇರಲಿಲ್ಲ. ಶಿಲ್ಪ, ಮುದ್ರಿಕೆ, ಚಿತ್ರಗಳಲ್ಲಿ ಕಂಡ ಪ್ರತಿಯೊಂದು ಭೇದಕ್ಕೂ ಒಂದೊಂದು ಹೆಸರು ಬೇಕು ಎಂಬುದು ಅವರ ನಂಬಿಕೆಯಾಗಿತ್ತು. ಹಾಗೆಯೇ ಉಂಗುರ ಹೆಣಿಗೆಯ ಕವಚವನ್ನು ಹಲವು ಜಾತಿಗಳಾಗಿ ಒಡೆದು ಒಂದೊಂದಕ್ಕೂ ನಾಮಕರಣ ಮಾಡಿದರು. ಕಲಾವಿದರು ಒಂದೇ ಹೆಣಿಗೆಯನ್ನು ಬೇರೆ ಬೇರೆ ರೀತಿಯಲ್ಲಿ ಕೆತ್ತಿದ್ದರು ಅಷ್ಟೇ ಎಂಬುದು ಮುಂದೆ ಸ್ಪಷ್ಟವಾಯಿತು. ಆ ಜಾತಿಗಳಲ್ಲಿ ಹೆಚ್ಚಿನವು ಬಿದ್ದುಹೋದವು. ಪಾದಕವಚದ ವಿಂಗಡಣೆಯನ್ನು ನಾನು ಮೇರಿಕ್ ಅವರೊಬ್ಬರ ತಲೆಗೆ ಕಟ್ಟುತ್ತಿಲ್ಲ. ಅದು ಆ ಕಾಲದ ವಿಧಾನದ ಫಲ. ಆ ವಿಧಾನವಿಲ್ಲದೆ ಇಂದಿನ ಅಧ್ಯಯನವೂ ಇರುತ್ತಿರಲಿಲ್ಲ.

ವಿಂಗಡಣೆಗೆ ಮೊದಲ ತೊಡಕು ಕಾಲದ್ದು. ಸ್ಯಾಬಟನ್ ಪದ 'ಸರ್ ಗವೇನ್ ಅಂಡ್ ದ ಗ್ರೀನ್ ನೈಟ್' ಕಾವ್ಯದಲ್ಲಿ ಬರುತ್ತದೆ. ಕಾವ್ಯ 14ನೇ ಶತಮಾನದ ಉತ್ತರಾರ್ಧದ್ದು. ಉಳಿದಿರುವುದು ಬ್ರಿಟಿಷ್ ಲೈಬ್ರರಿಯ ಕಾಟನ್ ನೀರೊ ಎ.ಹತ್ತು ಎಂಬ ಒಂದೇ ಹಸ್ತಪ್ರತಿಯಲ್ಲಿ. ಆ ಕಾಲದ ಪಾದಕವಚ ಹೇಗಿತ್ತು? ಕ್ಯಾಂಟರ್ಬರಿ ಕೆಥೆಡ್ರಲಿನಲ್ಲಿರುವ ರಾಜಕುಮಾರ ಎಡ್ವರ್ಡನ, ಅಂದರೆ ಬ್ಲ್ಯಾಕ್ ಪ್ರಿನ್ಸನ, ಸಮಾಧಿಶಿಲ್ಪ ಉತ್ತರ ಕೊಡುತ್ತದೆ. ಅವನು ಸತ್ತದ್ದು 1376ರಲ್ಲಿ. ಶಿಲ್ಪದ ಪಾದಗಳ ಮೇಲೆ ಒಂದರ ಮೇಲೊಂದು ಕೂತ ಕಿರಿದಾದ ಪಟ್ಟಿಗಳು, ತುದಿ ಚೂಪು. ಅಗಲ ತುದಿಯ ಫ್ಯಾಷನ್ ಬರಲು ಇನ್ನೂ ನೂರು ವರ್ಷಕ್ಕೂ ಹೆಚ್ಚು ಕಾಲ ಬೇಕಿತ್ತು. ನಡುವಿನ ಕಾಲದಲ್ಲಿ ಚೂಪು ಕಡಿಮೆಯಾಗಲಿಲ್ಲ, ಬೆಳೆಯಿತು. 1463ರ ಇಂಗ್ಲೆಂಡಿನ ಶಾಸನವೊಂದು ಲಾರ್ಡ್ ಪದವಿಗಿಂತ ಕೆಳಗಿನವರು ಎರಡು ಇಂಚಿಗಿಂತ ಉದ್ದದ ಮೊನೆಯ ಪಾದರಕ್ಷೆ ಮೆಟ್ಟಬಾರದೆಂದು ವಿಧಿಸಬೇಕಾಯಿತು. 1484ರ ಸುಮಾರಿಗೆ ಔಗ್ಸ್‌ಬರ್ಗಿನ ಲೊರೆಂಜ್ ಹೆಲ್ಮ್‌ಶ್ಮಿಡ್ ಟಿರೋಲಿನ ಸಿಗಿಸ್ಮಂಡನಿಗೆ ಮಾಡಿಕೊಟ್ಟ, ಈಗ ವಿಯೆನ್ನಾದಲ್ಲಿರುವ ಕವಚದ ಪಾದಗಳಲ್ಲಿ ಈ ಮೊನೆ ಅತಿರೇಕಕ್ಕೆ ಹೋಗಿದೆ. ಹೀಗಿರುವಾಗ ಗವೇನನ ಸ್ಯಾಬಟನ್ ಅಗಲ ತುದಿಯದು ಎನ್ನುವುದಕ್ಕೆ ಕಾವ್ಯದ ಒಳಗೂ ಹೊರಗೂ ಆಧಾರವಿಲ್ಲ.

ಹಾಗಾದರೆ ಕಾವ್ಯದಲ್ಲಿ ಆ ಪದದ ಅರ್ಥವೇನು? ಸಂಪಾದಕರು ಸಾಮಾನ್ಯವಾಗಿ 'ಉಕ್ಕಿನ ಪಾದರಕ್ಷೆ' ಎಂದು ಬಿಡುತ್ತಾರೆ. ಇಲ್ಲಿ ನಿಧಾನವಾಗಿ ನೋಡಬೇಕು. ಗವೇನ್ ಹೊರಡುವ ದಿನ ನೆಲಕ್ಕೆ ಬೆಲೆಬಾಳುವ ರತ್ನಗಂಬಳಿ ಹಾಸಿ, ಅದರ ಮೇಲೆ ಚಿನ್ನದ ಹೊಳಪಿನ ಆಯುಧಸಾಮಗ್ರಿ ಇಟ್ಟಿರುತ್ತಾರೆ. ರೇಷ್ಮೆಯ ಒಳಅಂಗಿ ತೊಟ್ಟ ವೀರನಿಗೆ ಪರಿಚಾರಕರು ಮೊದಲು ತೊಡಿಸುವುದು ಸ್ಯಾಬಟನ್. ಉಕ್ಕಿನ ಮಾತು ಮುಂದಿನ ಸಾಲಿನಲ್ಲಿ, ಕಾಲುಗಳನ್ನು ಸುತ್ತುವ ಜಂಘಾಕವಚದ ಬಗ್ಗೆ ಬರುತ್ತದೆ. ಆಮೇಲೆ ಮೊಣಕಾಲು, ತೊಡೆ, ಉಂಗುರ ಹೆಣಿಗೆಯ ಅಂಗಿ, ತೋಳು ಎಂದು ವರ್ಣನೆ ಮೇಲೇರುತ್ತದೆ. ಸ್ಯಾಬಟನ್ ಯಾವ ವಸ್ತುವಿನದು ಎಂದು ಕವಿ ಹೇಳಿಲ್ಲ. ಎಲ್ಲಿ ತೊಡಬೇಕು, ಯಾವಾಗ ತೊಡಬೇಕು ಎಂಬುದನ್ನು ಮಾತ್ರ ಹೇಳಿದ್ದಾನೆ. ಸುತ್ತಲಿನ ಉಕ್ಕಿನ ಸಂದರ್ಭದಿಂದ ಇದೂ ಉಕ್ಕಿನದೆಂದು ಊಹಿಸುವುದು ನ್ಯಾಯವೇ. ಆದರೆ ಅದು ಸಂದರ್ಭದ ಕೊಡುಗೆ, ಪದದೊಳಗಿನ ಅರ್ಥವಲ್ಲ. ಇದೇ ಕಾಲದ ಚಾಸರ್ ತನ್ನ ಸರ್ ಥೋಪಾಸನಿಗೆ ಹದಮಾಡಿ ಗಟ್ಟಿಗೊಳಿಸಿದ ತೊಗಲಿನ ಜಂಘಾಕವಚ ತೊಡಿಸುತ್ತಾನೆ. ಆ ಕತೆ ಹಾಸ್ಯಕ್ಕಾಗಿ ಬರೆದದ್ದು, ನಿಜ. ಆದರೂ ಕಾಲಿನ ಕವಚವೆಂದರೆ ಲೋಹವೇ ಆಗಿರಬೇಕೆಂಬ ನಿಯಮ ಆ ಕಾಲದ ಓದುಗನ ಮನಸ್ಸಿನಲ್ಲಿ ಇರಲಿಲ್ಲ ಎಂಬುದಕ್ಕೆ ಅದು ಸಾಕ್ಷಿ. 15ನೇ ಶತಮಾನದ ಇಟಲಿಯಲ್ಲಂತೂ ಪಾದಕ್ಕೆ ತಗಡಿನ ಬದಲು ಉಂಗುರ ಹೆಣಿಗೆ ಹೊದಿಸುವುದು ರೂಢಿಯಲ್ಲಿತ್ತು.

ಅದೇ ಕಾವ್ಯದ ಆರಂಭದಲ್ಲಿ ಆರ್ಥರನ ಸಭೆಗೆ ನುಗ್ಗುವ ಹಸಿರು ವೀರ ಶಿರಸ್ತ್ರಾಣವಿಲ್ಲದೆ, ಕವಚವಿಲ್ಲದೆ ಬರುತ್ತಾನೆ. ಅವನ ಕಾಲಿಗೆ ಪಾದರಕ್ಷೆಯೂ ಇಲ್ಲವೆಂದು ಅರ್ಥವಾಗುವ ಮಾತೂ ಅಲ್ಲಿದೆ. ಅದು ಬರಿಗಾಲೇ, ಅಥವಾ ಲೋಹದ ಪಾದಕವಚವಷ್ಟೇ ಇಲ್ಲವೆಂಬ ಸೂಚನೆಯೇ ಎಂಬುದು ಚರ್ಚೆಯಲ್ಲಿರುವ ವಿಷಯ. ಎರಡನೆಯ ಓದು ಸರಿಯಾದರೆ, ಪಾದದ ಹೊದಿಕೆಯೇ ಯುದ್ಧಕ್ಕೂ ಶಾಂತಿಗೂ ನಡುವಿನ ಗುರುತಾಗುತ್ತದೆ, ಮತ್ತು ಗವೇನನಿಗೆ ಎಲ್ಲಕ್ಕಿಂತ ಮೊದಲು ಸ್ಯಾಬಟನ್ ತೊಡಿಸುವುದಕ್ಕೆ ಹೆಚ್ಚಿನ ತೂಕ ಬರುತ್ತದೆ. ನನಗೆ ಈ ಓದು ಇಷ್ಟ. ಆದರೆ ಮುಖ್ಯ ವಾದವನ್ನು ಅದರ ಮೇಲೆ ನಿಲ್ಲಿಸುತ್ತಿಲ್ಲ.

ಎರಡನೆಯ ಸಾಕ್ಷ್ಯ ಹೆಚ್ಚು ಗಟ್ಟಿ. 15ನೇ ಶತಮಾನದ ನಡುವೆ ಸರ್ ಜಾನ್ ಆಸ್ಟ್ಲಿಗಾಗಿ ಬರೆಸಿದ ಸಂಕಲನವೊಂದು ಈಗ ನ್ಯೂಯಾರ್ಕಿನ ಮಾರ್ಗನ್ ಲೈಬ್ರರಿಯಲ್ಲಿದೆ. ಅದು ಹೇಸ್ಟಿಂಗ್ಸ್ ಮನೆತನದ ಬಳಿ ಇದ್ದಾಗ ವೈಕೌಂಟ್ ಡಿಲನ್ 1900ರಲ್ಲಿ ಅದನ್ನು ವಿದ್ವಾಂಸರ ಗಮನಕ್ಕೆ ತಂದರು. ಆಸ್ಟ್ಲಿ 1438ರಲ್ಲಿ ಪ್ಯಾರಿಸಿನಲ್ಲಿ ಕುದುರೆಯ ಮೇಲೆ, 1442ರಲ್ಲಿ ಲಂಡನ್ನಿನ ಸ್ಮಿತ್‌ಫೀಲ್ಡಿನಲ್ಲಿ ನೆಲದ ಮೇಲೆ ನಿಂತು ದ್ವಂದ್ವಯುದ್ಧ ಮಾಡಿದವನು. ಸಂಕಲನದ ಒಂದು ಭಾಗ ನೆಲದ ಮೇಲೆ ಹೋರಾಡುವವನು ಹೇಗೆ ಕವಚ ತೊಡಬೇಕೆಂದು ಹೇಳುತ್ತದೆ. ಬರೆದವನು ಕೆಲಸ ಬಲ್ಲವನು. ಒಳಅಂಗಿಯ ಲಾಡಿಗಳನ್ನು ಅಡ್ಡಬಿಲ್ಲಿನ ಹೆದೆಗೆ ಬಳಸುವ ದಾರದಿಂದ ಮಾಡಿ ಮೋಚಿಯ ಮೇಣ ಹಚ್ಚಬೇಕು. ಮೊಣಕಾಲು ಉಜ್ಜದಂತೆ ತೆಳು ಕಂಬಳಿ ಸುತ್ತಬೇಕು. ದಪ್ಪ ತೊಗಲಿನ ಪಾದರಕ್ಷೆಗೆ ಗಂಟುಹಾಕಿದ ಹುರಿಗಳನ್ನು ಹಿಮ್ಮಡಿಯಲ್ಲೂ ಅಂಗಾಲಿನ ನಡುವೆಯೂ ಹೊಲಿಯಬೇಕು, ನಡುವೆ ಮೂರು ಬೆರಳಿನ ಅಂತರ ಬಿಡಬೇಕು. ಕಾಲು ಜಾರಬಾರದೆಂಬುದೇ ಆ ಹುರಿಗಳ ಉದ್ದೇಶವಾಗಿರಬೇಕು. ಇಷ್ಟಾದ ಮೇಲೆ ಕವಚದ ಸರದಿ, ಅದರಲ್ಲಿ ಮೊದಲನೆಯದು ಸ್ಯಾಬಟನ್. ಅದನ್ನು ಪಾದರಕ್ಷೆಯ ಮೇಲೆ ಇಟ್ಟು ಸಣ್ಣ ಲಾಡಿಗಳಿಂದ ಕಟ್ಟಬೇಕು.

ಈ ಸೂಚನೆಯಲ್ಲಿ ಪಾದರಕ್ಷೆಗೆ ಒಂದು ಪದ, ಅದರ ಮೇಲೆ ಕಟ್ಟುವುದಕ್ಕೆ ಇನ್ನೊಂದು. ಆಕ್ಸಿಟನ್ನಿನಲ್ಲಿ ಎಲ್ಲ ಪಾದರಕ್ಷೆಗೂ ಸಲ್ಲುತ್ತಿದ್ದ ಪದ ಇಂಗ್ಲಿಷಿಗೆ ಬಂದಾಗ ಅಲ್ಲಿ ದಿನಬಳಕೆಯ ಪಾದರಕ್ಷೆಗೆ ಮನೆಯದೇ ಪದವಿತ್ತು. ಅತಿಥಿ ಪದಕ್ಕೆ ಉಳಿದದ್ದು ವಿಶೇಷ ಸಂದರ್ಭದ ಕೆಲಸ: ಪಾದರಕ್ಷೆಯ ಮೇಲೆ ಕಟ್ಟುವ ರಕ್ಷೆ. ಹಾಗಾಗಿ ಕಬ್ಬಿಣ, ಉಕ್ಕು ಎಂಬ ವಿಶೇಷಣ ಅದಕ್ಕೆ ಬೇಕಾಗಲಿಲ್ಲ. ಎದುರಿನ ಉದಾಹರಣೆ ನಮ್ಮಲ್ಲೇ ಇದೆ. 'ಐನ್-ಇ-ಅಕ್ಬರಿ'ಯ ಆಯುಧಪಟ್ಟಿಯಲ್ಲಿ ಪಾದ ಮತ್ತು ಕಾಲಿನ ರಕ್ಷೆಗೆ 'ಮೋಜಾ-ಎ-ಆಹನಿ', ಎಂದರೆ ಕಬ್ಬಿಣದ ಮೋಜಾ, ಎಂಬ ಹೆಸರಿದೆ. ಮೋಜಾ ಎಂಬುದು ಪರ್ಷಿಯನ್ನಿನಲ್ಲಿ ದಿನಬಳಕೆಯ ಪದವಾಗಿಯೇ ಉಳಿದಿದ್ದರಿಂದ ಕಬ್ಬಿಣವನ್ನು ಬಾಯಿಬಿಟ್ಟು ಹೇಳಬೇಕಾಯಿತು.

ನನ್ನ ವಾದಕ್ಕೆ ಬರಬಹುದಾದ ಬಲವಾದ ಆಕ್ಷೇಪ ಇದೇ ಹಸ್ತಪ್ರತಿಯಿಂದ ಹುಟ್ಟುತ್ತದೆ. ನೆಲದ ಮೇಲೆ ಹೋರಾಡುವವನಿಗೆ ಉದ್ದ ಮೊನೆ ಅಡ್ಡಿ. ಆದ್ದರಿಂದ ಇಲ್ಲಿ ಹೇಳಿರುವುದು ಮೊಂಡು ತುದಿಯದೇ ಇರಬೇಕು, ಸ್ಯಾಬಟನ್ ಎಂದರೆ ಮೊಂಡು ಎಂಬ ಅರ್ಥ ಆಗಲೇ ಇತ್ತು ಎನ್ನಬಹುದು. ಆಕ್ಷೇಪದ ಮೊದಲ ಅರ್ಧವನ್ನು ನಾನು ಒಪ್ಪಬಲ್ಲೆ. ಆದರೆ ಗವೇನ್ ಹೊರಡುವುದು ಗ್ರಿಂಗೊಲೆಟ್ ಎಂಬ ಕುದುರೆಯ ಮೇಲೆ, ಚಿನ್ನದ ಮುಳ್ಳುಗಾಲಿಗಳನ್ನು ಹಿಮ್ಮಡಿಗೆ ಬಿಗಿದುಕೊಂಡು. ಕುದುರೆ ಏರುವವನ ಪಾದಕವಚಕ್ಕೂ ನೆಲದಲ್ಲಿ ನಿಂತವನ ಪಾದಕವಚಕ್ಕೂ ಅರ್ಧ ಶತಮಾನಕ್ಕೂ ಹೆಚ್ಚಿನ ಅಂತರದಲ್ಲಿ ಒಂದೇ ಪದ ಬಂದಿದೆ. ಎರಡು ಕಡೆಯೂ ಸಮಾನವಾದದ್ದು ಆಕಾರವಲ್ಲ. ಮೊದಲು ತೊಡುವುದು, ಪಾದದ ಮೇಲೆ ಕೂರುವುದು ಎಂಬ ಸ್ಥಾನ.

ಅಗಲ ತುದಿಯ ಅರ್ಥ ಎಲ್ಲಿಂದ ಅಂಟಿಕೊಂಡಿತು ಎಂಬುದಕ್ಕೆ ನನ್ನ ವಿವರಣೆ ಸರಳ. ಪಾದಗಳ ಸಮೇತ ಉಳಿದ ಕವಚಗಳು 16ನೇ ಶತಮಾನದ ಆರಂಭದಿಂದ ಹೆಚ್ಚು ಸಿಗುತ್ತವೆ. ಎಂಟನೆಯ ಹೆನ್ರಿಗೆ 1515ರ ಸುಮಾರಿಗೆ ಮಾಡಿದ ಬೆಳ್ಳಿ ಲೇಪದ ಕವಚವಾಗಲಿ, 1520ರ ನೆಲಯುದ್ಧದ ಕವಚವಾಗಲಿ ಅಗಲ ತುದಿಯವು; ಆ ಕಾಲದ ಪಾದರಕ್ಷೆಗಳೇ ಹಾಗಿದ್ದವು. ಕಣ್ಣೆದುರಿದ್ದ ಈ ವಸ್ತುಗಳಿಗೆ ಇಂಗ್ಲಿಷಿನ ಹಳೆಯ ಹೆಸರನ್ನು ಕೊಟ್ಟ ಮೇಲೆ, ಶಿಲ್ಪಗಳಲ್ಲಿ ಕಂಡ ಚೂಪಿನ ರೂಪಕ್ಕೆ ಫ್ರೆಂಚಿನ ಹೆಸರು ಉಳಿಯಿತು. ನಂತರದ ಅರ್ಥವನ್ನು ಹಿಂದಕ್ಕೆ ಒಯ್ದು ಓದುವ ಇಂಥ ತಪ್ಪು ಕನ್ನಡದ ಓದುಗನಿಗೆ ಹೊಸದಲ್ಲ. ಇಂದು 'ಜೋಡು' ಎಂದರೆ ಹಲವು ಕಡೆ ಕಾಲಿಗೆ ಮೆಟ್ಟುವಂಥದ್ದು. ಕುಮಾರವ್ಯಾಸನಲ್ಲಿ ವೀರರು ತೊಡುವ ಜೋಡು ಮೈಗವಚ. ಈಗಿನ ಅರ್ಥವನ್ನು ಹಿಡಿದು ಅವನ ಯುದ್ಧವರ್ಣನೆಯನ್ನು ಓದಿದರೆ ಏನಾಗುತ್ತದೋ, ಅಗಲ ತುದಿಯನ್ನು ಹಿಡಿದು ಗವೇನನನ್ನು ಓದಿದರೂ ಅದೇ ಆಗುತ್ತದೆ.

ಇನ್ನು ಪದ ಬಂದ ದಾರಿ. ಇಲ್ಲಿ ನನ್ನ ಮಾತು ಊಹೆಯ ಮಟ್ಟದ್ದು ಎಂದು ಮೊದಲೇ ಹೇಳಿಬಿಡಬೇಕು. ಇಂಗ್ಲಿಷಿನ ಕವಚಪದಗಳಲ್ಲಿ ಬಹುಪಾಲು ಉತ್ತರ ಫ್ರಾನ್ಸಿನ ಭಾಷೆಯಿಂದ ಬಂದವು. ಸ್ಯಾಬಟನ್ ಮಾತ್ರ ದಕ್ಷಿಣದ ರೂಪವನ್ನು ಉಳಿಸಿಕೊಂಡಿದೆ. ಏಕೆ? ಆಕ್ಸಿಟನ್ ಮಾತಾಡುವ ಗಾಸ್ಕನಿ 1453ರವರೆಗೆ ಇಂಗ್ಲಿಷ್ ದೊರೆಗಳ ಕೈಯಲ್ಲಿತ್ತು. ಬ್ಲ್ಯಾಕ್ ಪ್ರಿನ್ಸ್ 1355ರಲ್ಲಿ ಸೈನ್ಯದೊಂದಿಗೆ ಬೋರ್ಡೊಗೆ ಹೋದ, ಮುಂದಿನ ವರ್ಷ ಪ್ವಾಟಿಯೇ ಕದನ ಗೆದ್ದ, 1362ರಲ್ಲಿ ಅಕ್ವಿಟೇನಿನ ರಾಜಕುಮಾರನಾದ. ಅವನೇ ಚೆಸ್ಟರಿನ ಅರ್ಲ್ ಕೂಡ ಆಗಿದ್ದ. ಅವನ ದಂಡಿನಲ್ಲಿ ಚೆಶೈರಿನ ಬಿಲ್ಲುಗಾರರು ಇದ್ದರು. ಗವೇನ್ ಕಾವ್ಯದ ಉಪಭಾಷೆಯನ್ನು ವಿದ್ವಾಂಸರು ಗುರುತಿಸುವುದು ಅದೇ ಚೆಶೈರ್ ಸುತ್ತಲಿನ ವಾಯವ್ಯ ಸೀಮೆಯಲ್ಲಿ. ಗಾಸ್ಕನಿಯ ಆಯುಧಶಾಲೆಗಳಲ್ಲಿ ಕೇಳಿದ ಪದ ಮರಳಿದ ಯೋಧರ ಬಾಯಲ್ಲಿ ಚೆಶೈರಿಗೆ, ಅಲ್ಲಿಂದ ಕವಿಯ ಕಿವಿಗೆ ತಲುಪಿರಬಹುದು. ಇರಬಹುದು ಎಂದಷ್ಟೇ ಹೇಳಬಲ್ಲೆ. ವ್ಯಾಪಾರಿಗಳ ಮೂಲಕ, ಐಬೀರಿಯದ ಕಡೆಯಿಂದ ಬಂದ ಸಾಧ್ಯತೆಯೂ ತೆರೆದಿದೆ. ಒಂದು ಕಾವ್ಯದ ಒಂದು ಪದ ಇಡೀ ದಾರಿಯ ಭಾರವನ್ನು ಹೊರಲಾರದು. ಈ ಪದ ಕವಚದ ಅರ್ಥ ಪಡೆದದ್ದು ಗಡಿ ದಾಟುವ ಮುಂಚೆಯೋ ಆಮೇಲೆಯೋ ಎಂಬುದೂ ತೀರ್ಮಾನವಾಗಬೇಕು. ಮೇಲೆ ನಾನು ಆಮೇಲೆ ಎಂಬ ಪಕ್ಷ ಹಿಡಿದಿದ್ದೇನೆ. ಮುಂಚೆಯೇ ಎಂದು ಸಾಬೀತಾದರೆ ಅತಿಥಿ ಪದದ ಬಗೆಗಿನ ನನ್ನ ವಿವರಣೆಯನ್ನು ತಿದ್ದಬೇಕಾಗುತ್ತದೆ, ಸ್ಥಾನದ ವಾದ ಉಳಿಯುತ್ತದೆ.

ಪರಿಶೀಲನೆಗೆ ಜಾಗಗಳಿವೆ. ಇಂಗ್ಲಿಷ್ ಆಡಳಿತದ ಗಾಸ್ಕನ್ ಸುರುಳಿಗಳು ಕ್ಯೂ ಎಂಬಲ್ಲಿನ ರಾಷ್ಟ್ರೀಯ ಪತ್ರಾಗಾರದಲ್ಲಿವೆ. ಬ್ಲ್ಯಾಕ್ ಪ್ರಿನ್ಸನ ಕಡತ 1930ರಿಂದ 1933ರ ನಡುವೆ ನಾಲ್ಕು ಭಾಗಗಳಲ್ಲಿ ಪ್ರಕಟವಾಗಿದೆ; ಅದರ ಮೂರನೆಯ ಭಾಗ ಚೆಸ್ಟರಿಗೇ ಮೀಸಲು. ಆದರೆ ಮುದ್ರಿತ ರೂಪ ಇಂಗ್ಲಿಷಿನಲ್ಲಿ ಕೊಟ್ಟ ಸಾರವಾದ್ದರಿಂದ, ಮೂಲದಲ್ಲಿ ಯಾವ ಪದವಿತ್ತು ಎಂಬುದು ಅದರಲ್ಲಿ ಅಡಗಿಹೋಗಿರುವ ಸಂಭವ ಹೆಚ್ಚು. ಮೂಲ ಹಾಳೆಗಳನ್ನು ಓದಬೇಕು, ಮುಖ್ಯವಾಗಿ ರಾಜಕುಮಾರನು ತನ್ನವರಿಗೆ ಕವಚ ಕೊಟ್ಟ, ಕೊಳ್ಳಲು ಹಣ ಬಿಡುಗಡೆ ಮಾಡಿದ ಆದೇಶಗಳನ್ನು. ಅಲ್ಲಿ ಪಾದಕವಚಕ್ಕೆ 'ಸೊಲೆರ್' ವರ್ಗದ ಪದವೇ ಉದ್ದಕ್ಕೂ ಕಂಡುಬಂದರೆ ಚೆಶೈರಿನ ದಾರಿ ದುರ್ಬಲವಾಗುತ್ತದೆ.