ಲಿಲಾವಾದ ಭೂಮಿ ಮರಳಿ ಬಂದ ಬಗೆ

ಸರ್ಕಾರಕ್ಕೆ ಸಲ್ಲಬೇಕಾದ ಹಣ ಬಾಕಿಯುಳಿದಾಗ ರೈತನ ಭೂಮಿಯನ್ನು ಜಪ್ತು ಮಾಡಿ ಮಾರುವ ಕ್ರಮವನ್ನು ಮುಂಬಯಿ ಇಲಾಖೆಯಲ್ಲಿ 1879ರ ಭೂಕಂದಾಯ ಕಾಯಿದೆಯು ವಿಧಿಸಿತು. ಇಲಾಖೆಗೆ ಸೇರಿದ್ದ ಕನ್ನಡ ಜಿಲ್ಲೆಗಳಿಗೂ ಇದೇ ಕಾಯಿದೆ ಅನ್ವಯಿಸುತ್ತಿತ್ತು. 1883 ಮತ್ತು 1884ರಲ್ಲಿ ಕೃಷಿಸಾಲಗಳ ಕಾಯಿದೆಗಳು ಬಂದ ಮೇಲೆ, ಬಾವಿ ತೋಡಲು, ಬೀಜ ಎತ್ತುಗಳನ್ನು ಕೊಳ್ಳಲು ಪಡೆದ ತಗಾವಿ ಸಾಲದ ಬಾಕಿಯೂ ಕಂದಾಯದ ಬಾಕಿಯಂತೆಯೇ ವಸೂಲಾಗತೊಡಗಿತು. ಸಾಹುಕಾರನು ತನ್ನ ಸಾಲಕ್ಕಾಗಿ ಕೋರ್ಟಿನ ಮೆಟ್ಟಿಲು ಹತ್ತಿ ಡಿಕ್ರಿ ಪಡೆಯಬೇಕಾಗಿತ್ತು. ಸರ್ಕಾರಕ್ಕೆ ಕಲೆಕ್ಟರನ ಆಜ್ಞೆಯೊಂದೇ ಸಾಕಾಗಿತ್ತು.

ಭೂಮಿ ಹೋಗುವ ದಾರಿ ಹೀಗೆ ಸುಗಮವಾಗಿದ್ದರೂ ಬರುವ ದಾರಿ ಬಹು ಇಕ್ಕಟ್ಟಾಗಿತ್ತು. ಮಾರಾಟದ ಕ್ರಮದಲ್ಲಿ ಗುರುತರವಾದ ಲೋಪವಿದೆಯೆಂದು 30 ದಿನಗಳೊಳಗೆ ಅರ್ಜಿ ಹಾಕಬಹುದಾಗಿತ್ತು. ಮಾರಾಟವು ಮಂಜೂರಾದ ಬಳಿಕ ಕೊಂಡವನೇ ಒಡೆಯ. ಕಳೆದುಹೋದ ಭೂಮಿಯನ್ನು ಸರ್ಕಾರದಿಂದಲೇ ಮರಳಿ ಪಡೆಯುವುದು ಸಾಧ್ಯವೇ ಎಂಬ ಪ್ರಶ್ನೆಯನ್ನು ದೊಡ್ಡ ಪ್ರಮಾಣದಲ್ಲಿ ಎತ್ತಿದವು ಕರನಿರಾಕರಣೆಯ ಚಳವಳಿಗಳು.

1928ರಲ್ಲಿ ಗುಜರಾತಿನ ಬಾರ್ಡೋಲಿ ತಾಲೂಕಿನ ರೈತರು, ಸುಮಾರು ಶೇಕಡಾ 22ರಷ್ಟು ಏರಿಸಲಾಗಿದ್ದ ಕಂದಾಯವನ್ನು ಕೊಡಲೊಪ್ಪದೆ ವಲ್ಲಭಭಾಯಿ ಪಟೇಲರ ನೇತೃತ್ವದಲ್ಲಿ ನಿಂತರು. ಅನೇಕರ ಭೂಮಿ ಸರ್ಕಾರದ ವಶವಾಯಿತು. ಕೆಲವು ಮಾರಾಟವೂ ಆಯಿತು. ಅದೇ ವರ್ಷದ ಆಗಸ್ಟಿನಲ್ಲಿ ಒಪ್ಪಂದವಾದಾಗ ಭೂಮಿ ರೈತರಿಗೆ ಮರಳಿತು. ಮುಂದೆ ವಿಚಾರಣಾಧಿಕಾರಿಗಳು ಏರಿಕೆಯನ್ನು ಶೇಕಡಾ 6ರ ಆಸುಪಾಸಿಗೆ ಇಳಿಸಿದರು.

ಕನ್ನಡ ನಾಡಿನಲ್ಲಿ ಈ ಹೋರಾಟದ ಕಣಗಳಾದುವು ಉತ್ತರ ಕನ್ನಡದ ಅಂಕೋಲಾ, ಸಿದ್ದಾಪುರ ತಾಲೂಕುಗಳು ಮತ್ತು ಅಂದಿನ ಧಾರವಾಡ ಜಿಲ್ಲೆಯ ಹಿರೇಕೆರೂರು. ಅಂಕೋಲೆಗೆ ‘ಕರ್ನಾಟಕದ ಬಾರ್ಡೋಲಿ’ ಎಂಬ ಹೆಸರೇ ಬಂದಿತು. ಆದರೆ ಇಲ್ಲಿಯ ರೈತರಿಗೆ ಬಾರ್ಡೋಲಿಯವರಂತೆ ಶೀಘ್ರ ಪರಿಹಾರ ದೊರೆಯಲಿಲ್ಲ. 1931ರ ಮಾರ್ಚ್ 5ರ ಗಾಂಧಿ–ಇರ್ವಿನ್ ಒಪ್ಪಂದವು, ಸರ್ಕಾರದ ಕೈಯಲ್ಲಿ ಉಳಿದಿದ್ದ ಜಪ್ತಾದ ಸ್ಥಿರಾಸ್ತಿಯನ್ನು ಹಿಂದಿರುಗಿಸಲು ಒಪ್ಪಿತು. ಮೂರನೆಯವರಿಗೆ ಮಾರಿದ್ದರೆ ಮಾತ್ರ ಸರ್ಕಾರದ ಮಟ್ಟಿಗೆ ಆ ವ್ಯವಹಾರ ಮುಗಿದಂತೆಯೇ ಎಂದು ಸಾರಿತು. 1932ರಲ್ಲಿ ಚಳವಳಿ ಮತ್ತೆ ಹೊತ್ತಿಕೊಂಡಾಗ ಜಪ್ತಿ ಲಿಲಾವುಗಳೂ ಮರುಕಳಿಸಿದುವು. ಸಿದ್ದಾಪುರ ಸೀಮೆಯ ಮಾವಿನಗುಂಡಿಯಲ್ಲಿ ಸ್ತ್ರೀಯರು, ಲಿಲಾವಿನಲ್ಲಿ ಭೂಮಿ ಕೊಂಡವರ ಮನೆಯ ಮುಂದೆ ಉಪವಾಸ ಕುಳಿತರು. ಕಾಯಿದೆ ಮುಚ್ಚಿದ ಬಾಗಿಲನ್ನು ಅವರು ಕೊಂಡವನ ಮನಸ್ಸಾಕ್ಷಿಯಲ್ಲಿ ತಟ್ಟಿದರು.

1937ರಲ್ಲಿ ಬಿ. ಜಿ. ಖೇರರ ಮಂತ್ರಿಮಂಡಲವು ಮುಂಬಯಿಯಲ್ಲಿ ಅಧಿಕಾರಕ್ಕೆ ಬಂದಿತು; ಕಂದಾಯ ಖಾತೆ ಮೊರಾರ್ಜಿ ದೇಸಾಯಿಯವರದಾಗಿತ್ತು. ಮಾರಾಟವಾದ ಭೂಮಿಗೆ ಹೊಸ ಒಡೆಯನಿದ್ದುದರಿಂದ ಬರಿಯ ಸರ್ಕಾರಿ ಆಜ್ಞೆ ಸಾಲದಾಯಿತು. ಆದ್ದರಿಂದ 1938ರಲ್ಲಿ, ಚಳವಳಿಯ ಕಾಲದಲ್ಲಿ ಮುಟ್ಟುಗೋಲಾದ ಭೂಮಿಯನ್ನು ಹಿಂದಿರುಗಿಸಲೆಂದೇ ಶಾಸನಸಭೆಯು ಕಾಯಿದೆ ಮಾಡಿತು. ಕೊಂಡವರಿಗೆ ಪರಿಹಾರವಿತ್ತು ಭೂಮಿಯನ್ನು ಪಡೆದು ಮೂಲ ಒಡೆಯರಿಗೆ ಒಪ್ಪಿಸುವುದು ಅದರ ತಿರುಳು. 1931ರಲ್ಲಿ ‘ಮುಗಿದುದು’ ಎನಿಸಿದ್ದ ವ್ಯವಹಾರ ಏಳೇ ವರ್ಷಗಳಲ್ಲಿ ಹೀಗೆ ತಿರುಗಿ ತೆರೆಯಿತು.

ಇಲ್ಲಿ ಗಮನಿಸಬೇಕಾದ ಸಂಗತಿಯೊಂದಿದೆ. ಈ ಪರಿಹಾರವೆಲ್ಲ ತತ್ತ್ವಕ್ಕಾಗಿ ಹಣ ಕೊಡದೆ ನಿಂತವರಿಗೆ ದೊರೆತದ್ದು. ಮಳೆ ಹೋಗಿ, ಬೆಳೆ ಕೆಟ್ಟು, ತಗಾವಿಯ ಕಂತು ಕಟ್ಟಲಾರದೆ ಭೂಮಿ ಕಳೆದುಕೊಂಡವನ ಬೆನ್ನಿಗೆ ಚಳವಳಿಯೂ ಇರಲಿಲ್ಲ, ಒಪ್ಪಂದವೂ ಇರಲಿಲ್ಲ. ಲಿಲಾವಿನಲ್ಲಿ ಯಾರೂ ಸವಾಲು ಕೂಗದಿದ್ದರೆ ನಾಮಮಾತ್ರದ ಬೆಲೆಗೆ ಸರ್ಕಾರವೇ ಕೊಳ್ಳುತ್ತಿತ್ತು. ಮಹಾರಾಷ್ಟ್ರದಲ್ಲಿ ಇಂಥ ಭೂಮಿಗೆ ‘ಆಕಾರಿ ಪಡ’ ಎಂದು ಹೆಸರು. ಅಲ್ಲಿಯ 1966ರ ಕಂದಾಯ ಸಂಹಿತೆಯು ಬಾಕಿ ತೀರಿಸಿ ಅದನ್ನು ಬಿಡಿಸಿಕೊಳ್ಳಲು 12 ವರ್ಷಗಳ ಗಡುವಿತ್ತಿತು. ಗಡುವು ಮೀರಿದವರ ಮಕ್ಕಳು ಮೊಮ್ಮಕ್ಕಳು ದಶಕಗಳ ಕಾಲ ಕಾದರು. 2025ರ ಜನವರಿಯಲ್ಲಿ ಆ ರಾಜ್ಯದ ಸಚಿವ ಸಂಪುಟವು, ಪ್ರಚಲಿತ ಬೆಲೆಯ ಶೇಕಡಾ 5ರಷ್ಟನ್ನು ಪಡೆದು ಅಂಥ ಭೂಮಿಯನ್ನು ಮೂಲ ಖಾತೆದಾರರಿಗೆ ಅಥವಾ ಅವರ ವಾರಸುದಾರರಿಗೆ ಮರಳಿಸಲು ನಿರ್ಧರಿಸಿತು.

ಸತ್ಯಾಗ್ರಹಿಯ ಭೂಮಿಗೆ 1938ರಲ್ಲಿ ದೊರೆತ ನ್ಯಾಯದ ನೆರಳು ಬಡ ಸಾಲಗಾರನ ಹೊಲದ ಬದುವನ್ನು ಮುಟ್ಟಲು ಎಂಬತ್ತಕ್ಕೂ ಹೆಚ್ಚು ವರ್ಷಗಳು ಹಿಡಿದುವು. ಸಿದ್ದಾಪುರ, ಅಂಕೋಲೆಗಳ ರೈತರ ತ್ಯಾಗವನ್ನು ನೆನೆಯುವಾಗ, ಹೆಸರಿಲ್ಲದೆ ನೆಲ ಕಳೆದುಕೊಂಡ ಈ ಸಾಲಗಾರರನ್ನೂ ನೆನೆಯುವುದು ಇತಿಹಾಸದ ಋಣವಾಗಿದೆ.